ನಿಪ್ಪಾಣಿಯ ಹೆಂಗಸರು ಮತ್ತು ಇಪ್ಪತ್ತೈದು ನಿಮಿಷಗಳ ಒಂದು ಚಿತ್ರ

ಮಡಿಲಲ್ಲಿ ಮೊರವಿಟ್ಟುಕೊಂಡು ಬೀಡಿ ಕಟ್ಟಿ ಸಂಸಾರ ಸಾಗಿಸಿದ ತಾಯಂದಿರು ನಮ್ಮ ಕಾಸರಗೋಡಿನ ಊರೂರುಗಳಲ್ಲಿ ಇದ್ದಾರೆ. ಆದರೆ ಆ ಮೊರಕ್ಕೆ ಬೀಳುವ ಹೊಗೆಸೊಪ್ಪಿನ ಹುಡಿಯನ್ನು ಹದಗೊಳಿಸುವ ಕೈಗಳು ಯಾರವು ಎಂದು ಯೋಚಿಸಿದವರು ವಿರಳ. ಬೀಡಿ ತಂಬಾಕಿಗೆ ಹೆಸರಾದ ಊರುಗಳಲ್ಲಿ ಬೆಳಗಾವಿ ಜಿಲ್ಲೆಯ ನಿಪ್ಪಾಣಿಯೂ ಒಂದು. ಅಲ್ಲಿನ ಕಾರ್ಖಾನೆಗಳಲ್ಲಿ ದಿನವಿಡೀ ತಂಬಾಕಿನ ಧೂಳು ಕುಡಿದು ದುಡಿಯುತ್ತಿದ್ದವರು ಹೆಂಗಸರು.

1981ರಲ್ಲಿ ನಿಪ್ಪಾಣಿಯ ತಂಬಾಕು ಬೆಳೆಗಾರರು ಬೆಲೆಗಾಗಿ ರಸ್ತೆ ತಡೆದುದೂ, ಗೋಲಿಬಾರಾದುದೂ ದೇಶಕ್ಕೆಲ್ಲ ಸುದ್ದಿಯಾಯಿತು. ಕಾರ್ಖಾನೆಯ ಗೋಡೆಗಳೊಳಗೆ ಹೆಂಗಸರು ಸಂಘ ಕಟ್ಟಿದ ಕಥೆಗೆ ಅಷ್ಟು ಪ್ರಚಾರ ಸಿಗಲಿಲ್ಲ. ಆ ಕಥೆಯನ್ನು ಇಂದಿಗೂ ಕಣ್ಣಾರೆ ಕಾಣಲು ಸಾಧ್ಯವಾಗಿರುವುದು ಒಂದು ಕಿರುಚಿತ್ರದಿಂದ.

1980ರಲ್ಲಿ ದೀಪಾ ಧನರಾಜ್, ಆಭಾ ಭಯ್ಯಾ, ಮೀರಾ ರಾವ್ ಹಾಗೂ ಛಾಯಾಗ್ರಾಹಕ ನವರೋಜ್ ಕಾಂಟ್ರಾಕ್ಟರ್ ಸೇರಿ ಬೆಂಗಳೂರಿನಲ್ಲಿ ‘ಯುಗಾಂತರ’ ಎಂಬ ಚಿತ್ರತಂಡವನ್ನು ಕಟ್ಟಿದರು. 1981ರಲ್ಲಿ ಪುಣೆಯ ಮನೆಗೆಲಸದ ಹೆಂಗಸರ ಸಂಘಟನೆಯನ್ನು ಕುರಿತು ‘ಮೋಲಕರೀಣ’ ತಯಾರಾಯಿತು. ಮರುವರ್ಷ ನಿಪ್ಪಾಣಿಯ ಚಿತ್ರ ‘ತಂಬಾಕೂ ಚಾಕಿಲಾ ಊಬ್ ಆಲಿ’. 1983ರಲ್ಲಿ ಹೈದರಾಬಾದಿನ ಸ್ತ್ರೀಶಕ್ತಿ ಸಂಘಟನೆಯೊಡಗೂಡಿ ಗೃಹಹಿಂಸೆಯನ್ನು ಕುರಿತ ತೆಲುಗು ಚಿತ್ರವೊಂದು, ಚಿಪ್ಕೊ ಚಳವಳಿಯ ಸುದೇಶಾ ದೇವಿಯವರ ಬಗ್ಗೆ ಇನ್ನೊಂದು ಬಂದವು.

ತಂಡದವರು ನಿಪ್ಪಾಣಿಗೆ ಹೋದ ಕೂಡಲೇ ಕ್ಯಾಮರಾ ಹಿಡಿಯಲಿಲ್ಲ. ಸುಮಾರು ನಾಲ್ಕು ತಿಂಗಳು ಆ ಹೆಂಗಸರ ಮಾತಿಗೆ ಕಿವಿಗೊಟ್ಟರು. ದುಡಿಮೆಯ ಕಷ್ಟ, ಸಂಘದ ಅಗತ್ಯ, ಮುಷ್ಕರದ ದಾರಿ, ಎಲ್ಲವನ್ನೂ ಅವರೊಡನೆ ಕುಳಿತು ಚರ್ಚಿಸಿದರು. ತಾವು ಮಾಡಿದ ಪ್ರತಿಭಟನೆಯನ್ನು ಹೆಂಗಸರೇ ಕ್ಯಾಮರಾದ ಮುಂದೆ ಮತ್ತೊಮ್ಮೆ ನಡೆಸಿ ತೋರಿಸಿದರು. ಹಾಗಾಗಿ ಆ ಕಪ್ಪುಬಿಳುಪು ಚಿತ್ರ ಅವರ ಬಗ್ಗೆ ಯಾರೋ ಹೇಳಿದ ಕಥೆಯಾಗದೆ, ಅವರೇ ಹೇಳಿಕೊಂಡ ಕಥೆಯಾಯಿತು.

ಫಿಲಂ ಸುರುಳಿಗೂ ಆಯುಷ್ಯವುಂಟು. ನಮ್ಮ ಮಳೆಗಾಲದಲ್ಲಿ ಪೆಟ್ಟಿಗೆಯೊಳಗಿನ ಫೋಟೋಗಳಿಗೇ ಬೂಷ್ಟು ಹಿಡಿಯುವುದನ್ನು ಯಾರು ಕಂಡಿಲ್ಲ? ಬರ್ಲಿನ್‌ನ ಆರ್ಸೆನಲ್ ಚಿತ್ರಸಂಸ್ಥೆಯವರು ಯುಗಾಂತರದ ಚಿತ್ರಗಳನ್ನು ಜೀರ್ಣೋದ್ಧಾರ ಮಾಡಿ ಡಿಜಿಟಲ್ ರೂಪಕ್ಕಿಳಿಸಿದ್ದರಿಂದ, ಅಂದು ಹುಟ್ಟಿರದ ತಲೆಮಾರಿನವರೂ ಅವನ್ನು ನೋಡುವಂತಾಗಿದೆ. ನವರೋಜ್ 2023ರಲ್ಲಿ ತೀರಿಕೊಂಡರು. ಅವರು ಹಿಡಿದಿಟ್ಟ ಮುಖಗಳು ಉಳಿದಿವೆ.

ನಮಗೆ ಇನ್ನೂ ಆತ್ಮೀಯವಾಗಬೇಕಾದ ಸಂಗತಿಯೊಂದಿದೆ. ನಿಪ್ಪಾಣಿ ಇರುವುದು ಕರ್ನಾಟಕದಲ್ಲಿ. ಚಿತ್ರದ ಮಾತು ಮರಾಠಿ. ಗಡಿಯ ಈಚೆ ನಾವು ಹೇಗೋ, ಅಲ್ಲಿ ಅವರೂ ಹಾಗೆಯೇ. ಅವರ ನುಡಿಯಲ್ಲೇ ಅವರ ಬದುಕನ್ನು ಉಳಿಸಿದ್ದು ಆ ಚಿತ್ರದ ದೊಡ್ಡ ಉಪಕಾರ.

ನಮ್ಮ ಬೀಡಿಯ ಅಜ್ಜಿಯಂದಿರಿಗೂ ಹೇಳಲು ಬೇಕಾದಷ್ಟಿದೆ. ಕೂಲಿಗಾಗಿ ವಾದಿಸಿದ್ದು, ಉಳಿಸಿದ ಕಾಸಿನಲ್ಲಿ ಮಕ್ಕಳನ್ನು ಕನ್ನಡ ಶಾಲೆಗೆ ಕಳುಹಿಸಿದ್ದು ಯಾವ ಕಡತದಲ್ಲಿಯೂ ಸಿಗಲಾರದು. ಈಗ ಮನೆಮನೆಯಲ್ಲೂ ಮೊಬೈಲು ಇದೆ. ಮೊಮ್ಮಕ್ಕಳು ಒಂದು ಸಂಜೆ ಅಜ್ಜಿಯ ಪಕ್ಕದಲ್ಲಿ ಕುಳಿತು, ಕನ್ನಡವೋ ತುಳುವೋ ಅವರ ನಾಲಗೆಗೆ ಒಗ್ಗಿದ ಮಾತಿನಲ್ಲಿ, ಅವರು ಹೇಳಿದ್ದನ್ನು ಹಿಡಿದಿಡಲಿ. ಅಜ್ಜಿ ಇರುವಾಗಲೇ ಆಗಬೇಕಾದ ಕೆಲಸವಿದು.