ಪ್ರಾಕ್ಸಿಮಿಟಿ ವಾಯ್ಸ್ ಚಾಟ್

ಪ್ರಾಕ್ಸಿಮಿಟಿ ವಾಯ್ಸ್ ಚಾಟ್ ಅಥವಾ ಸಾಮೀಪ್ಯ ಧ್ವನಿಸಂವಾದವು, ಆನ್‌ಲೈನ್ ಶೂಟರ್ ಮುಂತಾದ ಆಟಗಳಲ್ಲಿ ಆಟಗಾರನ ಮಾತು ಆಟದ ನಕ್ಷೆಯಲ್ಲಿ ಹತ್ತಿರವಿರುವವರಿಗೆ ಮಾತ್ರ ಕೇಳಿಸುವ ವ್ಯವಸ್ಥೆಯಾಗಿದೆ. ತಂಡದ ಧ್ವನಿವಾಹಿನಿಯ ಮಾತು ತಂಡದವರಿಗಷ್ಟೇ ತಲುಪಿದರೆ, ಇದರಲ್ಲಿ ಸಮೀಪದ ಎದುರಾಳಿಗಳಿಗೂ ಕೇಳಿಸುತ್ತದೆ.

ಕಾರ್ಯವಿಧಾನ

ತಂತ್ರಾಂಶವು ಪಾತ್ರಗಳ ನಡುವಿನ ಅಂತರವನ್ನು ಲೆಕ್ಕಹಾಕಿ, ದೂರ ಹೆಚ್ಚಿದಂತೆ ಧ್ವನಿಯನ್ನು ಕುಗ್ಗಿಸುತ್ತದೆ. ನಿಗದಿತ ಮಿತಿಯಾಚೆ ಅದು ಕೇಳಿಸುವುದಿಲ್ಲ. ಹಲವು ಆಟಗಳಲ್ಲಿ ಧ್ವನಿ ಬಂದ ದಿಕ್ಕೂ ಹೆಡ್‌ಫೋನ್‌ನಲ್ಲಿ ತಿಳಿಯುವುದರಿಂದ, ಹೆಜ್ಜೆಸಪ್ಪಳದಂತೆಯೇ ಮಾತೂ ಅಡಗಿರುವವರ ಸ್ಥಳವನ್ನು ಬಯಲುಮಾಡುತ್ತದೆ.

ಬಳಕೆ

2022ರ ನವೆಂಬರ್‌ನಲ್ಲಿ ಬಿಡುಗಡೆಯಾದ 'ಕಾಲ್ ಆಫ್ ಡ್ಯೂಟಿ: ವಾರ್‌ಝೋನ್ 2.0' ಈ ಸೌಲಭ್ಯವನ್ನು ಹೊಂದಿತ್ತು. ಅದರ ಡಿಎಂಝಡ್ ಆಟವಿಧಾನದಲ್ಲಿ ಅಪರಿಚಿತರು ಮಾತುಕತೆ ನಡೆಸಿ ಒಂದೇ ತಂಡವಾಗಬಹುದಿತ್ತು. 'ಡೇಝೀ' ಆಟದಲ್ಲೂ ಗುಂಡು ಹಾರಿಸುವ ಮೊದಲು ಸಂಧಾನ ಸಾಧ್ಯ. ಆದರೆ ಕೊಟ್ಟ ಮಾತನ್ನು ಉಳಿಸಿಕೊಳ್ಳಲೇಬೇಕೆಂಬ ಕಟ್ಟುಪಾಡಿಲ್ಲ. ಸ್ನೇಹದ ಸೋಗಿನಲ್ಲಿ ಹೊಂಚುಹಾಕುವುದೂ ಉಂಟು.

ಸುರಕ್ಷತೆ

ಮೈಕ್ ಸದಾ ಚಾಲನೆಯಲ್ಲಿದ್ದರೆ ಮನೆಯ ಮಾತುಗಳೂ ಅಪರಿಚಿತರ ಕಿವಿಗೆ ಬೀಳಬಹುದು. ಗುಂಡಿ ಒತ್ತಿದಾಗ ಮಾತ್ರ ಧ್ವನಿ ರವಾನಿಸುವ ಪುಶ್-ಟು-ಟಾಕ್ ಆಯ್ಕೆಯಿಂದ ಇದನ್ನು ಬಹುಮಟ್ಟಿಗೆ ತಪ್ಪಿಸಬಹುದು. ನಿಂದನೆ ಎದುರಾದಲ್ಲಿ ಆ ಆಟಗಾರನನ್ನು ಮ್ಯೂಟ್ ಮಾಡಿ ದೂರು ಸಲ್ಲಿಸುವ ಅವಕಾಶ ಅನೇಕ ಆಟಗಳಲ್ಲಿದೆ. ಆಕ್ಟಿವಿಷನ್ ಸಂಸ್ಥೆಯು 2023ರಲ್ಲಿ ಕಾಲ್ ಆಫ್ ಡ್ಯೂಟಿ ಸರಣಿಗೆ ಕೃತಕ ಬುದ್ಧಿಮತ್ತೆ ಆಧಾರಿತ ಧ್ವನಿ ಪರಿಶೀಲನೆಯನ್ನು ಅಳವಡಿಸಿತು.