ನಮ್ಮೂರಿಗೇ ಒಂದು ಪ್ರವಾಸ

ಪ್ರವಾಸವೆಂದರೆ ನಮ್ಮ ಕಾಲೇಜುಗಳಲ್ಲಿ ಬೇಲೂರು, ಹಳೇಬೀಡು. ಹಣ ಸ್ವಲ್ಪ ಹೆಚ್ಚು ಕೂಡಿದರೆ ಹಂಪೆ. ಈ ವರ್ಷ ಹಣವೂ ಕೂಡಲಿಲ್ಲ, ಎರಡು ದಿನದ ರಜೆಯೂ ದೊರೆಯಲಿಲ್ಲ. ಹೀಗಾಗಿ ಕನ್ನಡ ಸಂಘದ ವಿದ್ಯಾರ್ಥಿಗಳಿಗೆ, “ಬರುವ ಭಾನುವಾರ ದಾವಣಗೆರೆಯನ್ನೇ ನೋಡೋಣ, ಅಲ್ಲಿಂದ ಹರಿಹರಕ್ಕೆ ಹೋಗಿ ಸಂಜೆಗೆ ಹಿಂದಿರುಗೋಣ, ಊರಿನ ಕಥೆಯನ್ನು ನಾನು ಹೇಳುತ್ತೇನೆ” ಎಂದೆ. ಹಿಂದಿನ ಬೆಂಚಿನಿಂದ ನಗು ಕೇಳಿಸಿತು. “ಏನೈತಿ ಸಾರ್ ನಮ್ಮೂರಾಗೆ, ಬೆಣ್ಣೆದೋಸೆ ಬಿಟ್ರೆ?” ಎಂದು ಒಬ್ಬ ಕೇಳಿಯೇಬಿಟ್ಟ.

ಪ್ರಶ್ನೆ ನನ್ನನ್ನು ಕುಟುಕಿತು. ಈ ಊರಿಗೆ ಬಂದು ಹದಿನೆಂಟು ವರ್ಷಗಳಾಗಿದ್ದರೂ ಬಂಧುಗಳು ಬಂದಾಗ ನಾನು ಮಾಡಿರುವುದೂ ಅಷ್ಟೇ: ದೋಸೆ ತಿನ್ನಿಸಿ, ಬಸ್ಸು ಹತ್ತಿಸಿ, ಚಿತ್ರದುರ್ಗದ ಕೋಟೆಗೆ ಕಳುಹಿಸಿದ್ದೇನೆ. ಅರಮನೆಯಿಲ್ಲದ ಊರಿಗೆ ಚರಿತ್ರೆಯೂ ಇಲ್ಲವೆಂಬ ಭಾವನೆ ಮೇಷ್ಟರಲ್ಲಿಯೂ ಇರುತ್ತದೆ.

ಬೆಳಿಗ್ಗೆ ಏಳು ಗಂಟೆಗೆ ಹಳೆಯ ಊರಿನ ಗಡಿಯಾರದ ಕಂಬದ ಬಳಿ ಇಪ್ಪತ್ತಮೂರು ಜನ ಸೇರಿದೆವು. ದಾವಣಗೆರೆ ಬಹುಕಾಲ ಹೆಸರಿಲ್ಲದ ಹಳ್ಳಿಯಾಗಿತ್ತೆಂದೂ, ಹೈದರಾಲಿಯು ಇದನ್ನು ಅಪ್ಪೋಜಿರಾಮನೆಂಬ ಮರಾಠಾ ಸರದಾರನಿಗೆ ಜಹಗೀರಾಗಿ ಕೊಟ್ಟನೆಂದೂ, ಆತನು ವ್ಯಾಪಾರಿಗಳನ್ನು ಕರೆದು ಇಲ್ಲಿ ನೆಲೆಗೊಳಿಸಿದನೆಂದೂ ಹೇಳಿದೆ. ಅಂದರೆ ಕೋಟೆ ಕಟ್ಟಿ ಬೆಳೆದ ಊರಲ್ಲ ಇದು. ಅಂಗಡಿ ತೆರೆದು ಬೆಳೆದ ಊರು. 1997ರಲ್ಲಿ ಜಿಲ್ಲೆಯ ಕೇಂದ್ರವಾದದ್ದು, 2007ರಲ್ಲಿ ಮಹಾನಗರಪಾಲಿಕೆಯಾದದ್ದು ಎಲ್ಲವೂ ಆ ಅಂಗಡಿಯ ಬಡ್ಡಿಯೇ. “ನಿಮ್ಮಲ್ಲಿ ಮುತ್ತಜ್ಜನ ಕಾಲದಿಂದಲೂ ಇದೇ ಊರಿನವರು ಎಷ್ಟು ಜನ?” ಎಂದು ಕೇಳಿದೆ. ಮೂರು ಕೈಗಳು ಮಾತ್ರ ಮೇಲೆದ್ದವು. ಉಳಿದವರ ಹಿರಿಯರೆಲ್ಲ ಕೂಲಿಗೋ ದಲ್ಲಾಳಿ ಅಂಗಡಿಯ ಲೆಕ್ಕ ಬರೆಯಲಿಕ್ಕೋ ನೂಲಿನ ಗಿರಣಿಗೋ ಬಂದವರು. ಎರಡು ವರ್ಷಕ್ಕೊಮ್ಮೆ ನಡೆಯುವ ದುಗ್ಗಮ್ಮನ ಜಾತ್ರೆಯಲ್ಲಿ ಇವರೆಲ್ಲರೂ ಒಂದೇ ಊರಿನವರು.

ಮಂಡಕ್ಕಿ ಭಟ್ಟಿಗಳ ಬೀದಿಯಲ್ಲಿ ಹೆಚ್ಚು ಹೊತ್ತು ನಿಂತೆವು. ಕಾದ ಮರಳಿನಲ್ಲಿ ಅಕ್ಕಿ ಬಿದ್ದು, ಕಣ್ಣು ಮಿಟುಕಿಸುವಷ್ಟರಲ್ಲಿ ಅರಳಿ ಬಿಳಿಯ ಗುಡ್ಡೆಯಾಗುವುದನ್ನು ನೋಡುತ್ತ ಹುಡುಗರು ನನ್ನ ಮಾತನ್ನು ಮರೆತರು. ಭಟ್ಟಿಯ ಮುಂದೆ ನಿಂತವರ ಮುಖವೆಲ್ಲ ಕೆಂಪಡರಿತ್ತು. ಹೊಗೆಗೆ ನಮ್ಮ ಕಣ್ಣುಗಳಲ್ಲಿ ನೀರು. ಸಂಜೆ ನಾವು ಮೆಣಸಿನಕಾಯಿ ಬಜ್ಜಿಯೊಡನೆ ತಿನ್ನುವ ಹಗುರವಾದ ಮಂಡಕ್ಕಿ ಇಷ್ಟು ಬೇಗೆಯಿಂದ ಹುಟ್ಟುತ್ತದೆಂಬುದನ್ನು ಅಷ್ಟು ಹತ್ತಿರದಿಂದ ನಾನೂ ನೋಡಿರಲಿಲ್ಲ.

ಹತ್ತಿಯ ಗಿರಣಿಗಳ ವಿಷಯ ಬಂದಾಗ ನನ್ನ ಮಾರ್ಗದರ್ಶಿತ್ವಕ್ಕೆ ಮೊದಲ ಪೆಟ್ಟು ಬಿತ್ತು. ಕರ್ನಾಟಕದ ಮ್ಯಾಂಚೆಸ್ಟರ್ ಎಂದು ಈ ಊರನ್ನು ಕರೆಯುತ್ತಿದ್ದ ಕಾಲವೊಂದಿತ್ತು. ಸುತ್ತಲಿನ ಎರೆಭೂಮಿಯ ಹತ್ತಿ, ಸಾಗಿಸಲು ರೈಲು, ಬಂಡವಾಳ ಹಾಕಬಲ್ಲ ವರ್ತಕರು, ಇವಿಷ್ಟೂ ಒಂದೇ ಕಡೆ ಕೂಡಿದ್ದರಿಂದ ದಾವಣಗೆರೆ ಕಾಟನ್ ಮಿಲ್ಸ್ ಮೊದಲಾಗಿ ಸಾಲು ಸಾಲು ಗಿರಣಿಗಳು ಎದ್ದವು. ಮುಂದೆ ಭದ್ರಾ ನಾಲೆಯ ನೀರು ಬಂದು ಹತ್ತಿಯ ಹೊಲಗಳು ಭತ್ತದ ಗದ್ದೆಗಳಾದವು. ಗಿರಣಿಗಳೂ ಒಂದೊಂದಾಗಿ ನಿಂತವು. ಇಷ್ಟನ್ನು ಹೇಳಿ ಸುತ್ತಲೂ ನೋಡಿದರೆ ತೋರಿಸಲು ನನ್ನ ಬಳಿ ಏನೂ ಇರಲಿಲ್ಲ. ಬಡಾವಣೆಯ ಹೆಸರಿನಲ್ಲಿ ಡಿ.ಸಿ.ಎಂ. ಎಂಬ ಮೂರಕ್ಷರ ಉಳಿದಿದೆ. ಆ ಬಡಾವಣೆಯಲ್ಲೇ ಹುಟ್ಟಿದ ಹುಡುಗನೊಬ್ಬನಿಗೆ ಅದರ ವಿಸ್ತಾರ ಗೊತ್ತಿರಲಿಲ್ಲ. “ಅದು ಹೆಸರು ಅಂತ ಗೊತ್ತಿತ್ತು ಸಾರ್, ಹತ್ತಿ ಅಂತ ಗೊತ್ತಿರಲಿಲ್ಲ” ಎಂದ.

ದೋಸೆಯನ್ನು ಬಿಡುವಂತಿರಲಿಲ್ಲ. ಬಿಡಬೇಕಾಗಿಯೂ ಇರಲಿಲ್ಲ, ಏಕೆಂದರೆ ಅದರ ಕಥೆ ನಾಟಕದ ಕಥೆಗೆ ಅಂಟಿಕೊಂಡಿದೆ. ಬೆಳಗಾವಿ ಸೀಮೆಯಿಂದ ಬಂದ ಚೆನ್ನಮ್ಮನೆಂಬ ತಾಯಿ 1928ರ ಸುಮಾರಿಗೆ ಇಲ್ಲಿಯ ನಾಟಕದ ಥಿಯೇಟರಿನ ಬಳಿ ರಾಗಿಯ ದೋಸೆ ಹುಯ್ದು ಮಾರುತ್ತಿದ್ದಳೆಂದೂ, ಅಕ್ಕಿ ಹಿಟ್ಟು ಮತ್ತು ಬೆಣ್ಣೆ ಆಕೆಯ ಮಕ್ಕಳ ಕಾಲದಲ್ಲಿ ಬಂದುವೆಂದೂ ಊರಿನವರು ಹೇಳುತ್ತಾರೆ. ರಾತ್ರಿಯೆಲ್ಲ ನಾಟಕ ನೋಡಿದವರಿಗೆ ಹಸಿವಾಗುವುದು ಸಹಜವಷ್ಟೆ. ಚಿಂದೋಡಿ ವೀರಪ್ಪನವರ ಕೆ.ಬಿ.ಆರ್. ನಾಟಕ ಕಂಪನಿ ಈ ಊರಿನದು. ಅವರ ಮಗಳು ಚಿಂದೋಡಿ ಲೀಲಾ ಆ ರಂಗದಲ್ಲಿಯೇ ಬೆಳೆದು ನಾಡಿಗೆ ಹೆಸರಾದರು, 2010ರಲ್ಲಿ ತೀರಿಕೊಂಡರು. ದೋಸೆಯನ್ನು ನೆನೆದವರು ನಾಟಕವನ್ನೂ ನೆನೆಯಲಿ ಎಂದು ನಾನು ಭಾಷಣ ಆರಂಭಿಸುವಷ್ಟರಲ್ಲಿ ದೋಸೆಗಳು ಬಂದವು. ಬೆಣ್ಣೆಯ ಮುಂದೆ ಭಾಷಣ ಕರಗಿತು.

ಆನೆಕೊಂಡದ ಈಶ್ವರ ದೇವಾಲಯಕ್ಕೆ ಹೋದದ್ದು, ಊರಿನ ಮಗ್ಗುಲಲ್ಲೇ ಇಂಥದೊಂದು ಚಾಳುಕ್ಯ ಶೈಲಿಯ ಗುಡಿಯಿದೆಯೆಂದು ಹುಡುಗರು ಬೆರಗಾದದ್ದು, ಇವನ್ನೆಲ್ಲ ಇಲ್ಲಿ ವಿಸ್ತರಿಸುವುದಿಲ್ಲ. ಮಧ್ಯಾಹ್ನದ ಬಸ್ಸಿನಲ್ಲಿ ಹರಿಹರಕ್ಕೆ ಹೊರಟೆವು. ಹದಿನಾಲ್ಕು ಕಿಲೋಮೀಟರಿನ ದಾರಿ.

ಮೊದಲು ಹೊಳೆಯ ದಂಡೆಗೆ ಹೋದೆವು. ಸೂಳೆಕೆರೆಯಿಂದ ಹರಿದು ಬರುವ ಹರಿದ್ರಾ ಇಲ್ಲಿ ತುಂಗಭದ್ರೆಯನ್ನು ಕೂಡುತ್ತದೆ. ಅದಕ್ಕೇ ಈ ಸ್ಥಳಕ್ಕೆ ಕೂಡಲೂರೆಂಬ ಹಳೆಯ ಹೆಸರು. 1868ರಲ್ಲಿ ಮುಗಿದ ಹದಿನಾಲ್ಕು ಕಮಾನುಗಳ ಸೇತುವೆಯ ಮಾತು ಬಂದಾಗ, ಒಂದು ಕಾಲಕ್ಕೆ ಆ ದಡ ಮುಂಬಯಿಯದು, ಈ ದಡ ಮೈಸೂರಿನದು ಎಂದು ತಿಳಿಸಿದೆ. ಎರಡು ದಡದಲ್ಲಿಯೂ ಕನ್ನಡವೇ. ನಡುವೆ ಮಾತ್ರ ಸರಕಾರಗಳ ಗೆರೆ. 1956ರ ನವೆಂಬರ್ ಒಂದರಂದು ಆ ಗೆರೆ ಅಳಿಯಿತು. ಎದುರು ದಡದ ಕುಮಾರಪಟ್ಟಣದ ಕಾರ್ಖಾನೆಯನ್ನೂ, ಹೊಳೆಯ ನೀರು ಕೆಡುತ್ತಿದೆಯೆಂದು ಆ ಸೀಮೆಯ ಜನ 1980ರ ದಶಕದಲ್ಲಿ ಹೂಡಿದ ಚಳವಳಿಯನ್ನೂ ಹೇಳಿದೆ. ನಮ್ಮ ಗುಂಪಿನಲ್ಲಿ ಹರಿಹರದ ಹುಡುಗಿಯೊಬ್ಬಳಿದ್ದಳು. “ನಮ್ಮಜ್ಜ ಸಂಜೆ ಹೊತ್ತು ಗುಡಿಯಾಗೇ ಇರ್ತಾರೆ ಸಾರ್, ಮಾತಾಡ್ಸಿ” ಎಂದು ಮೆಲ್ಲಗೆ ಹೇಳಿದಳು.

ಹರಿಹರೇಶ್ವರನ ಗುಡಿಯಲ್ಲಿ ನನ್ನ ಸಿದ್ಧತೆ ಚೆನ್ನಾಗಿಯೇ ಇತ್ತು. ತನ್ನನ್ನು ಹರಿಯೂ ಕೊಲ್ಲಬಾರದು, ಹರನೂ ಕೊಲ್ಲಬಾರದು ಎಂದು ವರ ಪಡೆದ ಗುಹಾಸುರನನ್ನು ಇಬ್ಬರೂ ಒಂದೇ ಶರೀರವಾಗಿ ಬಂದು ಕೊಂದರೆಂಬ ಸ್ಥಳಪುರಾಣ ಹೇಳಿದೆ. ಮೂರ್ತಿಯ ಬಲಭಾಗ ಹರ, ಎಡಭಾಗ ಹರಿ. ಅರ್ಧನಾರೀಶ್ವರನಲ್ಲಿ ಪಾರ್ವತಿಯಿರುವ ಕಡೆ ಇಲ್ಲಿ ವಿಷ್ಣುವಿದ್ದಾನೆಂಬುದನ್ನು ಗಮನಿಸಿರೆಂದೆ. ರಗಳೆಯ ಕವಿ ಹರಿಹರನಿಗೂ ಈ ಊರಿಗೂ ಸಂಬಂಧವಿಲ್ಲ, ಆತ ಹಂಪೆಯವನು ಎಂದು ಪರೀಕ್ಷೆಯ ದೃಷ್ಟಿಯಿಂದ ಎಚ್ಚರಿಸಿದೆ.

ಆಮೇಲೆ ಪೋಲಾಳ್ವನ ವಿಷಯಕ್ಕೆ ಬಂದೆ. ಹೊಯ್ಸಳ ಇಮ್ಮಡಿ ವೀರನರಸಿಂಹನ ದಂಡನಾಯಕನೂ ಮಂತ್ರಿಯೂ ಆದ ಪೋಲಾಳ್ವ 1224ರಲ್ಲಿ ಈ ದೇಗುಲವನ್ನು ಕಟ್ಟಿಸಿದ. ನೂರಹದಿನೈದು ಹೊನ್ನ ಕಳಶಗಳಿದ್ದುವೆಂದು ಶಾಸನದ ಮಾತು. 1268ರಲ್ಲಿ ಮುಮ್ಮಡಿ ನರಸಿಂಹನ ದಂಡನಾಯಕ ಸೋಮನು ಇನ್ನಷ್ಟು ಕಟ್ಟಿಸಿದ. ಇಂದು ಕಳಶಗಳಲ್ಲಿ ಒಂದೂ ಇಲ್ಲ. ಮೂಲ ಶಿಖರವೂ ಉಳಿದಿಲ್ಲ, ಈಗ ಮೇಲಿರುವುದು ಆಮೇಲಿನ ಕಟ್ಟಡ. ಈ ಪೋಲಾಳ್ವ ಬರಿಯ ದಂಡನಾಯಕನಲ್ಲ, ಕವಿಯೂ ಹೌದು. ‘ಹರಿಚಾರಿತ್ರ’ವೆಂಬ ಕನ್ನಡ ಕಾವ್ಯವನ್ನು ರಚಿಸಿದವನು. ಆ ಕಾವ್ಯ ನಮಗೆ ದೊರೆತಿಲ್ಲ.

ಬೆಳಿಗ್ಗೆಯಿಂದ ದೋಸೆಯ ಮಾತನ್ನಷ್ಟೇ ಆಡುತ್ತಿದ್ದ ಹುಡುಗ ಆಗ ಕೇಳಿದ: “ಒಂದು ಪದ್ಯಾನೂ ಸಿಕ್ಕಿಲ್ಲ ಅಂದ್ಮೇಲೆ ಅವನು ಕವಿ ಅಂತ ನಾವು ಯಾಕೆ ಓದಬೇಕು ಸಾರ್?”

ಹದಿನೆಂಟು ವರ್ಷಗಳಿಂದ ಪೋಲಾಳ್ವನನ್ನು ನಾನು ಒಂದೇ ಸಾಲಿನಲ್ಲಿ ಬರೆಸಿದ್ದೇನೆ: ಕಾಲ, ಕೃತಿ, ‘ಅನುಪಲಬ್ಧ’. ಆ ಕೊನೆಯ ಶಬ್ದದ ಮುಂದೆ ನಾನೂ ಒಂದು ದಿನವಾದರೂ ನಿಂತವನಲ್ಲ. ಆದರ ಇದ್ದದ್ದರಿಂದಲ್ಲವೆ ಶಾಸನ ಕವಿಯನ್ನು ಹೊಗಳಿದ್ದು ಎಂದೇನೋ ಹೇಳಿದೆ. ಹುಡುಗನ ಮುಖ ನೋಡಿದರೆ ಉತ್ತರ ಸಾಲಲಿಲ್ಲವೆಂದು ಗೊತ್ತಾಗುತ್ತಿತ್ತು. ನನಗೂ ಸಾಲಲಿಲ್ಲ.

ಅಷ್ಟರಲ್ಲಿ ಮಂಟಪದ ಅಂಚಿನ ಜಗಲಿಯಿಂದ ಒಬ್ಬ ವೃದ್ಧರು ಎದ್ದು ಬಂದರು. ಆ ಹುಡುಗಿಯ ಅಜ್ಜ. ಮೈಸೂರು ಕಿರ್ಲೋಸ್ಕರ್ ಕಾರ್ಖಾನೆಯಲ್ಲಿ ಟರ್ನರ್ ಆಗಿದ್ದವರಂತೆ. 1941ರಲ್ಲಿ ಹರಿಹರದಲ್ಲಿ ಆರಂಭವಾದ ಆ ಕಾರ್ಖಾನೆ ಲೇತ್ ಯಂತ್ರಗಳನ್ನು ಮಾಡಿ ದೇಶಕ್ಕೆಲ್ಲ ಕಳುಹಿಸುತ್ತಿತ್ತು; ಈ ಶತಮಾನದ ಆರಂಭದಲ್ಲಿ ಮುಚ್ಚಿತು.

“ಕಾರ್ಖಾನೆ ನಿಂತ್ಮೇಲೆ ಎರಡು ವರ್ಷ ಇಲ್ಲೇ ಬಂದು ಕೂರ್ತಿದ್ದೆ ಮೇಷ್ಟ್ರೇ. ಮನ್ಯಾಗ ಕೂತ್ರೆ ಕೈ ಸುಮ್ನಿರ್ತಿರ್ಲಿಲ್ಲ” ಎಂದರು. “ಕಂಬ ನೋಡೋಕೆ ಶುರು ಮಾಡಿದ್ದು ಆವಾಗ. ಅದಕ್ಕಿಂತ ಮೊದ್ಲು ದೇವ್ರಿಗೆ ಕೈ ಮುಗ್ದು ಹೋಗ್ತಿದ್ದೆ ಅಷ್ಟೆ.”

ಹುಡುಗರನ್ನು ಒಂದು ಕಂಬದ ಸುತ್ತ ನಿಲ್ಲಿಸಿದರು. ನಯವಾಗಿ ಹೊಳೆಯುವ ದುಂಡು ಕಂಬ. ಗಂಟೆಯಂತೆ ಉಬ್ಬಿ, ಕೊರಳಿನಂತೆ ಸಣ್ಣಗಾಗಿ, ಮತ್ತೆ ತಟ್ಟೆಯಂತೆ ಅಗಲವಾಗುತ್ತದೆ. ಅಜ್ಜ ಹೆಬ್ಬೆರಳಿನ ಉಗುರನ್ನು ಒಂದು ಸಣ್ಣ ಗೆರೆಯಲ್ಲಿಟ್ಟು ಕಂಬವನ್ನು ಸುತ್ತಿ ಬಂದರು. “ನೋಡ್ರಿ, ಈ ಗೆರೆ ಹೊರಟಲ್ಲಿಗೇ ಬಂದು ಕೂಡೈತಿ. ಕೈಯಾಗ ಕೆತ್ತಿದ್ರೆ ಎಲ್ಲೋ ಒಂದು ಕಡೆ ಕೂದಲೆಳೆಯಷ್ಟಾದ್ರೂ ತಪ್ತಿತ್ತು. ಇದು ತಿರುಗಿಸಿ ಕಡೆದದ್ದು. ಕಲ್ಲು ತಿರುಗ್ತದೆ, ಉಳಿ ನಿಲ್ತದೆ. ನಮ್ಮ ಲೇತಿನಾಗೂ ಅಷ್ಟೆ. ಕಬ್ಬಿಣ ತಿರುಗ್ತದೆ, ಟೂಲು ನಿಲ್ತದೆ.”

ಬಳಪದ ಕಲ್ಲು ಗಣಿಯಿಂದ ತೆಗೆದಾಗ ಮೃದುವಾಗಿದ್ದು ಗಾಳಿಗೆ ಕ್ರಮೇಣ ಗಟ್ಟಿಯಾಗುತ್ತದೆಂದು ನಾನು ಪುಸ್ತಕದಲ್ಲಿ ಓದಿದ್ದನ್ನು ಹೇಳಿದೆ. ಅವರು ತಲೆಯಾಡಿಸಿ, “ಅದೇ ಮತ್ತೆ. ಮೆತ್ತಗಿದ್ದಾಗ್ಲೇ ಮುಗಿಸ್ಬೇಕು. ಆದ್ರೆ ಇಷ್ಟು ಭಾರದ್ದನ್ನ ನಡುಬಿಂದು ತಪ್ಪದಂಗೆ ನಿಲ್ಸೋದೇ ಕೆಲಸ. ನಡು ತಪ್ಪಿದ್ರೆ ಎಲ್ಲಾ ತಪ್ತು” ಎಂದರು. ಕಂಬದ ಬುಡದಲ್ಲಿ ಚೌಕವಾಗಿಯೇ ಉಳಿದ ಭಾಗವನ್ನು ತೋರಿಸಿದರು. ಹೊಯ್ಸಳರ ಕಂಬಗಳನ್ನು ತಿರುಗಿಸಿದ್ದು ಹೇಗೆ ಎಂಬ ಬಗ್ಗೆ ವಿದ್ವಾಂಸರಲ್ಲಿ ಭಿನ್ನಾಭಿಪ್ರಾಯಗಳಿವೆ. ಈ ಅಜ್ಜನಿಗೆ ಆ ಚರ್ಚೆ ಬೇಕಾಗಿರಲಿಲ್ಲ; ಅವರು ಕೆಲಸ ಮಾಡಿದವನ ಕೈಯನ್ನು ಹುಡುಕುತ್ತಿದ್ದರು.

ಪಕ್ಕದ ಕಂಬಕ್ಕೆ ಹೋಗಿ ಅದೇ ಗೆರೆಯನ್ನು ಉಗುರಿನಿಂದ ಅಳೆದರು. “ಇದು ಬೇರೆ ಕೈ. ಅವನು ಉಳಿ ಒತ್ತಿ ಹಿಡೀತಿದ್ದ, ಇವನು ಹಗುರ.”

“ಅವರ ಹೆಸರು ಎಲ್ಲಾದ್ರೂ ಐತೇನಜ್ಜ?” ಎಂದಳು ಮೊಮ್ಮಗಳು.

“ನನ್ನ ಹೆಸ್ರು ಯಾವ ಲೇತಿನ ಮ್ಯಾಲೈತವ್ವ?” ಎಂದು ಅವರು ನಕ್ಕರು.

ಪೋಲಾಳ್ವನ ಹೆಸರು ಉಳಿದು ಕಾವ್ಯ ಹೋಯಿತು, ಈ ಕಂಬ ಕಡೆದವನ ಕೆಲಸ ಉಳಿದು ಹೆಸರು ಹೋಯಿತು ಎಂದು ಹೇಳಲು ನನ್ನ ನಾಲಿಗೆಯ ತುದಿಗೆ ಬಂದಿತ್ತು. ಅಜ್ಜನ ಎದುರಿಗೆ ಆ ಮಾತು ಅಗತ್ಯಕ್ಕಿಂತ ಹೆಚ್ಚು ಚೆಲುವಾಗಿ ಕೇಳೀತೆಂದು ನುಂಗಿಕೊಂಡೆ. ದೋಸೆಯ ಹುಡುಗ ತನ್ನ ಉಗುರನ್ನು ಗೆರೆಯಲ್ಲಿಟ್ಟು ಕಂಬವನ್ನು ಎರಡು ಸಲ ಸುತ್ತಿದ. ಆಮೇಲೆ ನನ್ನ ಬಳಿಗೆ ಬಂದು, “ಆ ಕಾವ್ಯ ಇನ್ನೂ ಯಾವುದಾದ್ರೂ ಮಠದ ಓಲೆಗರಿಯಾಗೆ ಸಿಗಬಹುದಾ ಸಾರ್?” ಎಂದು ಕೇಳಿದ. ಸಿಗಬಹುದು ಎಂದೆ. ಹದಿನೆಂಟು ವರ್ಷಗಳಲ್ಲಿ ಪೋಲಾಳ್ವನ ಬಗ್ಗೆ ಪರೀಕ್ಷೆಗಲ್ಲದೆ ಬಂದ ಮೊದಲ ಪ್ರಶ್ನೆಗಳು ಆ ಸಂಜೆಯ ಎರಡೇ.

ಆರು ಗಂಟೆಯ ಬಸ್ಸಿಗೆ ಹೊತ್ತಾಯಿತೆಂದು ಎರಡು ಬಾರಿ ಕೂಗಿದೆ. ಅಜ್ಜ ಮೂರನೆಯ ಕಂಬದ ಬಳಿ ನಿಂತಿದ್ದರು. ಹುಡುಗರೆಲ್ಲ ಅವರ ಹಿಂದೆ, ಒಬ್ಬೊಬ್ಬರೂ ಹೆಬ್ಬೆರಳನ್ನು ಮುಂದೆ ಚಾಚಿಕೊಂಡು. ಆ ಬಸ್ಸು ನಮಗೆ ಸಿಗಲಿಲ್ಲ.