ಮೊಹರು ಹಿಡಿದ ಕೈ: ಬಹಮನಿ ಆಸ್ಥಾನದ ವಜೀರ

ಮಧ್ಯಯುಗದ ಇಸ್ಲಾಮೀ ರಾಜ್ಯಗಳಲ್ಲಿ ಸುಲ್ತಾನನ ನಂತರದ ಸ್ಥಾನ ವಜೀರನದು. ಬಾಗ್ದಾದಿನ ಅಬ್ಬಾಸೀ ಖಲೀಫರ ಕಾಲದಲ್ಲಿ ರೂಪುಗೊಂಡ ಈ ಹುದ್ದೆಯಲ್ಲಿದ್ದವನು ಕಂದಾಯದ ಲೆಕ್ಕ, ಸೈನ್ಯದ ಸಂಬಳ, ಪರರಾಜ್ಯಗಳೊಡನೆ ಪತ್ರವ್ಯವಹಾರ ಎಲ್ಲವನ್ನೂ ನೋಡಿಕೊಳ್ಳುತ್ತಿದ್ದನಾದರೂ, ಅವನ ಅಧಿಕಾರ ನಿಂತಿದ್ದುದು ಅರಸನ ವಿಶ್ವಾಸ ಮತ್ತು ತನ್ನ ಕೈಯ ಮೊಹರಿನ ಮೇಲೆ ಮಾತ್ರ. ಬಹಮನಿ ರಾಜ್ಯದ ರಾಜಧಾನಿ ಬೀದರಿನಲ್ಲಿ ವಜೀರನಾಗಿದ್ದ ಮಹಮೂದ್ ಗವಾನನ ಬದುಕು ಈ ಹುದ್ದೆಯ ಎತ್ತರವನ್ನೂ ಅಪಾಯವನ್ನೂ ಒಟ್ಟಿಗೆ ಕಾಣಿಸುತ್ತದೆ.

ಕ್ಯಾಸ್ಪಿಯನ್ ಸಮುದ್ರತೀರದ ಗೀಲಾನಿನಲ್ಲಿ ಹುಟ್ಟಿದ ಗವಾನ್ 1453ರಲ್ಲಿ ವ್ಯಾಪಾರಿಯಾಗಿ ದಾಭೋಲ್ ಬಂದರಿಗೆ ಬಂದಿಳಿದು, ಅಲ್ಲಿಂದ ಬೀದರಿಗೆ ಬಂದನು. ಬಹಮನಿ ಸುಲ್ತಾನ ಹುಮಾಯೂನ್ ಶಾಹ ಅವನಿಗೆ ವರ್ತಕರ ಒಡೆಯನೆಂಬರ್ಥದ 'ಮಲಿಕ್-ಉತ್-ತುಜ್ಜಾರ್' ಬಿರುದು ಕೊಟ್ಟನು. ಬಾಲಕ ಸುಲ್ತಾನರ ಕಾಲದಲ್ಲಿ ರಾಜಮಾತೆಯ ಜೊತೆ ಆಡಳಿತ ನಡೆಸಿದ ಗವಾನ್, ಮೂರನೆಯ ಮುಹಮ್ಮದ್ ಶಾಹನ ಆಳ್ವಿಕೆಯಲ್ಲಿ ಪ್ರಧಾನಮಂತ್ರಿಯಾಗಿ, 1472ರಲ್ಲಿ ಗೋವೆಯನ್ನು ವಿಜಯನಗರದಿಂದ ಗೆದ್ದುಕೊಂಡನು.

ಆದರೆ ಅವನ ನಿಜವಾದ ಸಾಧನೆಯನ್ನು ದಂಡಯಾತ್ರೆಗಳಿಗಿಂತ ಆಡಳಿತದ ಕಡತಗಳಲ್ಲಿ ಹುಡುಕಬೇಕು. ರಾಜ್ಯದ ನಾಲ್ಕು 'ತರಫ್'ಗಳನ್ನು, ಎಂದರೆ ಪ್ರಾಂತ್ಯಗಳನ್ನು, ಎಂಟಾಗಿ ಒಡೆದು, ಪ್ರತಿ ತರಫ್‌ದಾರನ ಕೈಯಲ್ಲಿ ಒಂದೇ ಕೋಟೆಯನ್ನು ಉಳಿಸಿ, ಮಿಕ್ಕವುಗಳಿಗೆ ಕೇಂದ್ರದಿಂದಲೇ ಕಿಲ್ಲೇದಾರರನ್ನು ನೇಮಿಸಿದನು. ಭೂಮಿಯನ್ನು ಅಳೆಯಿಸಿ ಕಂದಾಯ ಗೊತ್ತುಮಾಡಿದನು. ಸ್ಥಳೀಯ ದಖನಿಗಳಿಗೂ ಪರದೇಶದಿಂದ ಬಂದ ಅಫಾಕಿಗಳಿಗೂ ಹಗೆ ಬೆಳೆದಿದ್ದ ಆಸ್ಥಾನದಲ್ಲಿ, ತಾನು ಅಫಾಕಿಯಾಗಿದ್ದೂ ಇಬ್ಬರಿಗೂ ಹುದ್ದೆಗಳನ್ನು ಹಂಚಿದ್ದು ಅವನ ದೊಡ್ಡತನ. ಕೋಟೆ ಕಳೆದುಕೊಂಡ ಪ್ರಬಲರು ಮಾತ್ರ ಆ ನಷ್ಟವನ್ನು ಮರೆಯಲಿಲ್ಲ.

ರಷ್ಯದ ಪ್ರವಾಸಿ ಅಫನಾಸಿ ನಿಕಿತಿನ್ ಈ ವಜೀರನ ಮನೆಯಲ್ಲಿ ದಿನವೂ ನೂರಾರು ಜನರ ಪಂಕ್ತಿ ನಡೆಯುತ್ತಿದ್ದುದನ್ನೂ ಲಾಯದಲ್ಲಿ ಹಗಲಿರುಳು ಜೀನು ಕಟ್ಟಿ ನಿಂತ ಕುದುರೆಗಳನ್ನೂ ಬಣ್ಣಿಸಿದ್ದಾನೆ. ವಜೀರನು ಬರೆದ ಪಾರಸಿ ಪತ್ರಗಳು 'ರಿಯಾಜ್-ಉಲ್-ಇನ್ಶಾ' ಎಂಬ ಸಂಗ್ರಹವಾಗಿ ಉಳಿದಿವೆ. ಬೀದರಿನಲ್ಲಿ ಅವನು 1472ರಲ್ಲಿ ಕಟ್ಟಿಸಿದ ಮೂರಂತಸ್ತಿನ ಮದರಸಾ, ಎಂದರೆ ವಿದ್ಯಾಪೀಠ, 1696ರ ಸಿಡಿಮದ್ದಿನ ಸ್ಫೋಟದಲ್ಲಿ ಅರ್ಧ ಕುಸಿದಿದ್ದರೂ, ಉಳಿದ ಮೀನಾರಿನ ನೀಲಿ, ಹಳದಿ, ಬಿಳಿ ಹೊಳಪುಬಿಲ್ಲೆಗಳು ಇಂದಿಗೂ ಕಣ್ಸೆಳೆಯುತ್ತವೆ.

ಕೊನೆಗೆ ಅವನ ಅಧಿಕಾರದ ಗುರುತೇ ಅವನಿಗೆ ಮುಳುವಾಯಿತು. ದಖನಿ ಬಣದ ಮುಖಂಡ ಮಲಿಕ್ ಹಸನನ ಕಡೆಯವರು ಮೊಹರು ಕಾಯುವ ಸೇವಕನನ್ನು ಒಲಿಸಿಕೊಂಡು, ಖಾಲಿ ಕಾಗದದ ಮೇಲೆ ಗವಾನನ ಮುದ್ರೆ ಒತ್ತಿಸಿ, ಒರಿಸ್ಸಾದ ಅರಸನನ್ನು ದಂಡೆತ್ತಿ ಬರುವಂತೆ ಕರೆಯುವ ಪತ್ರವನ್ನು ಅದರ ಮೇಲೆ ಬರೆಸಿದರು. ಪಾನಮತ್ತನಾಗಿದ್ದ ಸುಲ್ತಾನನು ಪತ್ರವನ್ನು ತೋರಿಸಿದಾಗ, ಮುದ್ರೆ ತನ್ನದೇ, ಬರಹ ತನ್ನದಲ್ಲ ಎಂದು ಗವಾನ್ ಉತ್ತರಿಸಿದನೆಂದು ಇತಿಹಾಸಕಾರ ಫೆರಿಷ್ತಾ ಬರೆಯುತ್ತಾನೆ. ವಿಚಾರಣೆ ನಡೆಯಲಿಲ್ಲ. 1481ರ ಏಪ್ರಿಲ್ 5ರಂದು ಕೊಂಡಪಲ್ಲಿಯ ಶಿಬಿರದಲ್ಲಿ ಎಪ್ಪತ್ತು ದಾಟುತ್ತಿದ್ದ ವೃದ್ಧನ ತಲೆ ಕಡಿಯಲಾಯಿತು.

ಅವನ ಸಂಪತ್ತನ್ನು ವಶಪಡಿಸಿಕೊಳ್ಳಲು ಸುಲ್ತಾನನು ಖಜಾಂಚಿಯನ್ನು ಕರೆಸಿದಾಗ ತಿಳಿದದ್ದು, ಜಹಗೀರಿನ ಆದಾಯವೆಲ್ಲ ಸೈನಿಕರಿಗೂ ಬಡವರಿಗೂ ಹೋಗುತ್ತಿದ್ದು, ವಜೀರನ ಅಡುಗೆಮನೆಯ ಖರ್ಚು ತಾಯ್ನಾಡಿನಿಂದ ತಂದ ಬಂಡವಾಳದ ವ್ಯಾಪಾರದ ಲಾಭದಿಂದ ಸಾಗುತ್ತಿತ್ತು ಎಂಬುದು. ಮರುವರ್ಷ ಸುಲ್ತಾನನೂ ತೀರಿಕೊಂಡನು. ಹಿಡಿತ ತಪ್ಪಿದ ಪ್ರಾಂತ್ಯಗಳಲ್ಲಿ 1490ರ ಹೊತ್ತಿಗೆ ಬಿಜಾಪುರ ಗವಾನನ ಆಪ್ತನಾಗಿದ್ದ ಯೂಸುಫ್ ಆದಿಲ್ ಖಾನನ ಪಾಲಾಯಿತು. ಅಹಮದ್‌ನಗರದ ನಿಜಾಮ್‌ಶಾಹಿಯನ್ನು ಸ್ಥಾಪಿಸಿದವನು ಆ ಮಲಿಕ್ ಹಸನನ ಮಗ.